ಎಳೆದರೆ ಕೂತುಬಿಡುವ ಅಲ್ಪಾಕಾ ಮರಿ: ಹಾಲ್ಟರ್ ಕಲಿಸುವ ಬಗೆ

ಪ್ರಶ್ನೆ: ಆಸ್ಟ್ರೇಲಿಯಾದ ವಿಕ್ಟೋರಿಯಾದಲ್ಲಿ, ಬ್ಯಾಲರಾಟ್ ಹತ್ತಿರ ಐದು ಎಕರೆ ಜಮೀನು ತೆಗೆದುಕೊಂಡಿದ್ದೇವೆ. ಮಾರ್ಚ್‌ನಲ್ಲಿ ಹುಟ್ಟಿದ ಮೂರು ಅಲ್ಪಾಕಾ (ಉಣ್ಣೆಗಾಗಿ ಸಾಕುವ, ಒಂಟೆಯ ಬಳಗದ ಪ್ರಾಣಿ) ಗಂಡುಮರಿಗಳನ್ನು ತಂದಿದ್ದೇವೆ, ಈಗ ಎಂಟು ತಿಂಗಳು. ಹಾಲ್ಟರ್ (ಹಗ್ಗ ಕಟ್ಟಲು ಮೂತಿಗೂ ಕಿವಿಯ ಹಿಂದಕ್ಕೂ ಹಾಕುವ ಪಟ್ಟಿ) ಹಾಕಿದರೆ ತಲೆ ಒದರಿ ಒದ್ದಾಡುತ್ತವೆ. ಹಗ್ಗ ಎಳೆದರೆ ಕಾಲು ಮಡಚಿ ಕೂತುಬಿಡುತ್ತವೆ, ಜಪ್ಪಯ್ಯ ಅಂದರೂ ಏಳುವುದಿಲ್ಲ. ಕಪ್ಪು ಮರಿ ಉಗುಳುತ್ತದೆ. ಇನ್ನೊಂದು ಬಾಟಲಿ ಹಾಲು ಕುಡಿದು ಬೆಳೆದದ್ದು, ಮೈಮೇಲೇ ಬರುತ್ತದೆ. ಹಾಸನದ ಕಡೆ ನಮ್ಮೂರಲ್ಲಿ ಅಪ್ಪ ಹೋರಿ ಪಳಗಿಸುವಾಗ ಗೂಟಕ್ಕೆ ಕಟ್ಟಿ ಎರಡು ದಿನ ಬಿಡುತ್ತಿದ್ದರು. ಇವಕ್ಕೂ ಹಾಗೇ ಮಾಡಬಹುದೇ? ಮುಂದೆ ಇದೇ ಬಳಗದ, ಇನ್ನೂ ದೊಡ್ಡ ಪ್ರಾಣಿಯಾದ ಲಾಮಾ ಒಂದನ್ನು ತರುವ ಯೋಚನೆಯೂ ಇದೆ.

ಉತ್ತರ: ಗೂಟಕ್ಕೆ ಕಟ್ಟಬೇಡಿ. ಮಿಕ್ಕ ಮಾತೆಲ್ಲ ಆಮೇಲೆ.

ಹೋರಿಯ ಮೂಗುದಾರ ಎರಡು ಹೊಳ್ಳೆಗಳ ನಡುವಿನ ತೆಳು ಗೋಡೆಯಲ್ಲಿ ಹಾದುಹೋಗಿರುತ್ತದೆ. ಜಗ್ಗಿದರೆ ನೋವಾಗುತ್ತದೆಯೇ ಹೊರತು ಉಸಿರು ಕಟ್ಟುವುದಿಲ್ಲ. ಹೋರಿಯ ಕತ್ತು ಗಿಡ್ಡ, ಗಟ್ಟಿ. ಅದು ಗೂಟದ ಜೊತೆ ಗುದ್ದಾಡಿ, ದಣಿದು, ನಿಲ್ಲುತ್ತದೆ. ಅಲ್ಪಾಕಾದ ಕತ್ತು ಉದ್ದ, ಸಪೂರ. ಕಟ್ಟಿಹಾಕಿದ ಮರಿ ಗಾಬರಿಯಿಂದ ಹಿಂದಕ್ಕೆ ನೆಗೆದರೆ ಆ ಎಳೆತವೆಲ್ಲ ಕತ್ತಿನ ಮೂಳೆಗಳ ಮೇಲೇ ಬೀಳುತ್ತದೆ, ಕತ್ತು ಮುರಿಯುವ ಅಪಾಯ ನಿಜವಾಗಿಯೂ ಇದೆ. ಅದಕ್ಕಿಂತ ಮುಖ್ಯವಾದ ಸಂಗತಿ ಇನ್ನೊಂದು: ಅಲ್ಪಾಕಾ, ಲಾಮಾ ಎರಡೂ ಹೆಚ್ಚುಕಡಿಮೆ ಮೂಗಿನಿಂದಲೇ ಉಸಿರಾಡುವ ಪ್ರಾಣಿಗಳು. ಬಾಯಿ ತೆರೆದು ಉಸಿರೆಳೆದುಕೊಳ್ಳುವುದು ತೀರಾ ಸಂಕಟಕ್ಕೆ ಸಿಕ್ಕಾಗ ಮಾತ್ರ. ನಿಮ್ಮ ಮರಿಗಳು ತಲೆ ಒದರುವುದಕ್ಕೆ ಹಠ ಕಾರಣವಾಗಿರಲಿಕ್ಕಿಲ್ಲ, ಉಸಿರು ಸಿಗದೆ ಒದ್ದಾಡುತ್ತಿರಬಹುದು. ಅದಕ್ಕಾಗಿ ಪಾಠ ಶುರುಮಾಡುವ ಮುಂಚೆ ಹಾಲ್ಟರನ್ನೇ ನೋಡಬೇಕು.

ಇವತ್ತು ಒಂದು ಮರಿಯನ್ನು ಸಮಾಧಾನವಾಗಿ ಹಿಡಿದು, ಹಾಲ್ಟರ್ ಇಲ್ಲದೆ, ಕಣ್ಣುಗಳ ನಡುವಿನಿಂದ ಮೂಗಿನ ತುದಿಯ ಕಡೆಗೆ ಬೆರಳನ್ನು ಮೆಲ್ಲಗೆ ಸವರಿ. ಮೊದಲು ಗಟ್ಟಿ ಮೂಳೆ ಸಿಗುತ್ತದೆ. ಸ್ವಲ್ಪ ಮುಂದೆ ಹೋಗುತ್ತಲೇ ಅದು ಮುಗಿದು, ಒತ್ತಿದರೆ ತಗ್ಗುವ ಮೆತ್ತನೆಯ ಮೃದ್ವಸ್ಥಿ ಬರುತ್ತದೆ. ಮರಿಗಳಲ್ಲಿ ಈ ಮೂಳೆ ಎಷ್ಟು ಗಿಡ್ಡ ಎಂದು ಬೆರಳಿಗೆ ಗೊತ್ತಾದಾಗ ಆಶ್ಚರ್ಯವಾಗುತ್ತದೆ. ಹಾಲ್ಟರಿನ ಮೂಗುಪಟ್ಟಿ ಸದಾ ಆ ಮೂಳೆಯ ಮೇಲೇ ಇರಬೇಕು, ಕಣ್ಣಿನಿಂದ ಸುಮಾರು ಒಂದು ಬೆರಳಗಲ ಕೆಳಗೆ. ಮೃದ್ವಸ್ಥಿಯ ಮೇಲೆ ಜಾರಿತೋ, ನೀವು ಹಗ್ಗ ಎಳೆದಾಗಲೆಲ್ಲ ಮೂಗು ಒತ್ತಿಹೋಗುತ್ತದೆ. ಮರಿಯ ಪಾಲಿಗೆ ಹಗ್ಗ ಎಂದರೆ ಉಸಿರುಗಟ್ಟುವುದು ಎಂದಾಗುತ್ತದೆ. ಅಲ್ಲಿಗೆ ಪಾಠ ಮುಗಿಯಿತು.

ಸಾಮಾನ್ಯವಾಗಿ ಆಗುವ ತಪ್ಪು ಹೀಗೆ. ಮರಿಗೆ ಹಿತವಾಗಿರಲಿ ಎಂದು ಕಿವಿಯ ಹಿಂದಿನ ಪಟ್ಟಿಯನ್ನು ಸಡಿಲ ಬಿಡುತ್ತಾರೆ, ಮೂಗುಪಟ್ಟಿಯನ್ನು ಬಿಗಿ ಮಾಡುತ್ತಾರೆ. ಬೇಕಾದದ್ದು ಇದರ ತಿರುವುಮುರುವು. ಕಿವಿಯ ಹಿಂದಿನ ಪಟ್ಟಿ ತಲೆಗೆ ಹತ್ತಿಕೊಂಡು ಕೂರಬೇಕು, ಉಣ್ಣೆಯ ಮೇಲಲ್ಲ, ಉಣ್ಣೆಯನ್ನು ಸರಿಸಿ ಚರ್ಮದ ಹತ್ತಿರಕ್ಕೆ. ಹಾಲ್ಟರನ್ನು ಅದರ ಜಾಗದಲ್ಲಿ ಹಿಡಿದಿಡುವುದು ಅದೇ. ಮೂಗುಪಟ್ಟಿಯೊಳಗೆ ದವಡೆ ಆಡುವುದಕ್ಕೆ ಜಾಗವಿರಬೇಕು, ದವಡೆಯ ಕೆಳಗೆ ಎರಡು ಬೆರಳು ಸಲೀಸಾಗಿ ತೂರಬೇಕು. ಬಕಲ್ ಹಾಕಿದ ಮೇಲೆ ಎರಡು ಪರೀಕ್ಷೆ ಮಾಡಿ. ಒಂದು, ಮೂಗುಪಟ್ಟಿಯನ್ನು ಮೂತಿಯ ಕಡೆಗೆ ತಳ್ಳಿ ನೋಡಿ: ಮೂಳೆ ದಾಟಿ ಹೋಗಬಾರದು. ಎರಡು, ಒಂದು ಹಿಡಿ ಹುಲ್ಲು ಕೊಡಿ: ಬಾಯಿ ತೆರೆದು ಅಗಿದು ನುಂಗಲು ಆಗಬೇಕು. ಎರಡರಲ್ಲಿ ಒಂದು ತಪ್ಪಿದರೂ ಆ ಹಾಲ್ಟರ್ ಬೇಡ. ಮರಿಗಳ ಅಳತೆಯ ಹಾಲ್ಟರನ್ನೇ ತನ್ನಿ. ಮೂಗುಪಟ್ಟಿಯನ್ನೂ ಹಿಗ್ಗಿಸಿ ಕುಗ್ಗಿಸಲು ಬರುವಂಥದ್ದಾದರೆ ಒಳ್ಳೆಯದು. ಕುರಿ, ಮೇಕೆ, ಕುದುರೆಮರಿಗೆ ಮಾಡಿದ ಹಾಲ್ಟರ್ ಈ ಮುಖಕ್ಕೆ ಕೂರುವುದಿಲ್ಲ. ಮರಿಗಳು ಬೆಳೆಯುತ್ತಿರುತ್ತವೆ, ಎರಡು ವಾರಕ್ಕೊಮ್ಮೆ ಅಳತೆ ನೋಡುತ್ತಿರಿ. ಉಣ್ಣೆ ಕತ್ತರಿಸಿದ ಮಾರನೆಯ ದಿನ ನಿನ್ನೆಯ ರಂಧ್ರಕ್ಕೇ ಬಕಲ್ ಹಾಕಿದರೆ ಹಾಲ್ಟರ್ ಜಾರುತ್ತದೆ, ಆಗಲೂ ಮತ್ತೆ ಹೊಂದಿಸಬೇಕು.

ಹಗ್ಗ ಹಗುರವಾಗಿರಲಿ, ಎರಡು ಮೀಟರ್ ಸಾಕು. ಕೊಕ್ಕೆಯೂ ಚಿಕ್ಕದೇ ಬೇಕು. ದನದ ಹಗ್ಗಕ್ಕೆ ಹಾಕುವ ದಪ್ಪ ಕಬ್ಬಿಣದ ಕೊಕ್ಕೆ ಹೆಜ್ಜೆಹೆಜ್ಜೆಗೂ ಮರಿಯ ದವಡೆಗೆ ಬಡಿಯುತ್ತದೆ. ಹಗ್ಗವನ್ನು ಕೈಗೆ ಸುತ್ತಿಕೊಳ್ಳಬೇಡಿ, ಮಡಿಕೆ ಮಾಡಿ ಹಿಡಿಯಿರಿ.

ಇನ್ನು ಹಿಡಿಯುವ ವಿಷಯ. ಬಯಲಿನಲ್ಲಿ ಓಡಿಸಿ ಹಿಡಿದರೆ ಅದೇ ಮರಿಯ ಮೊದಲ ಪಾಠವಾಗುತ್ತದೆ, ಓಡಬೇಕು ಎಂಬ ಪಾಠ. ಮೂರು ಮೀಟರ್ ಉದ್ದ, ಮೂರು ಮೀಟರ್ ಅಗಲದ ಒಂದು ದೊಡ್ಡಿ ಮಾಡಿಕೊಳ್ಳಿ. ಜಾಲರಿ ಪ್ಯಾನೆಲ್ ಸಾಕು, ಕಂಬಿಗಳ ನಡುವೆ ತಲೆ ತೂರದಂತಿರಲಿ. ಮೂರೂ ಮರಿಗಳನ್ನು ಒಟ್ಟಿಗೇ ಒಳಗೆ ತನ್ನಿ. ಎರಡು ಕೈಯಲ್ಲೂ ಉದ್ದನೆಯ ತೆಳು ಕೋಲು ಅಡ್ಡ ಹಿಡಿದು ನಿಧಾನ ನಡೆದು ಬಂದರೆ ಸಾಕು, ಕೋಲು ಬೇಲಿಯಂತೆ ಕಾಣುತ್ತದೆ. ಹೊಡೆಯುವುದಕ್ಕಲ್ಲ, ಮುಟ್ಟಿಸುವುದಕ್ಕೂ ಅಲ್ಲ. ಇವು ಹಿಂಡಿನ ಪ್ರಾಣಿಗಳು, ಒಂದನ್ನೇ ಬೇರ್ಪಡಿಸಿದರೆ ಅದರ ಗಮನವೆಲ್ಲ ಜೊತೆಗಾರರ ಮೇಲೇ ಇರುತ್ತದೆ. ಪಾಠ ಒಂದಕ್ಕೆ ನಡೆಯುವಾಗ ಮಿಕ್ಕೆರಡು ಅಲ್ಲೇ ಪಕ್ಕದಲ್ಲಿ ಹುಲ್ಲು ತಿನ್ನುತ್ತಿರಲಿ.

ದೊಡ್ಡಿಯಲ್ಲಿ ಮರಿಯ ಎದುರಿಗೆ ನಿಲ್ಲಬೇಡಿ. ಅದರ ಕಣ್ಣಿನಿಂದ ಸ್ವಲ್ಪ ಹಿಂದೆ, ಪಕ್ಕದಲ್ಲಿ, ಅದು ನೋಡುವ ದಿಕ್ಕಿಗೇ ಮುಖ ಮಾಡಿ ನಿಲ್ಲಿ. ಎದುರಿನಿಂದ ಮುಖಕ್ಕೆ ಬರುವ ಕೈ ಎಂದರೆ ಇವಕ್ಕೆ ಹೆದರಿಕೆ. ಕೈಯನ್ನು ಕತ್ತಿನ ಬುಡದಿಂದ ಮೇಲಕ್ಕೆ ತನ್ನಿ. ಹಿಡಿಯಬೇಕಾದ ಜಾಗ ಕತ್ತಿನ ತುದಿ, ದವಡೆಯ ಬುಡದ ಹತ್ತಿರ. ಎರಡು ಕೈಗಳಿಂದ ಬಳೆಯಂತೆ ಸುತ್ತುವರಿಯಿರಿ, ಹಿಂಡಬೇಡಿ. ಕತ್ತಿನ ನಡುವನ್ನು ತಬ್ಬಿ ಹಿಡಿದರೆ ಮರಿ ತನ್ನ ಭಾರವನ್ನೆಲ್ಲ ನಿಮ್ಮ ಮೇಲೆ ಹಾಕಿ ನೂಕುತ್ತದೆ. ನಾಲ್ಕೂ ಕಾಲಿನ ಮೇಲೆ ಸಮತೂಕವಾಗಿ ನಿಂತ ಮರಿಗೆ ಒದ್ದಾಡಬೇಕೆನಿಸುವುದಿಲ್ಲ. ತಲೆ ಎತ್ತಿದರೆ ಕೈಯೂ ಅದರ ಜೊತೆ ಮೇಲೆ ಹೋಗಲಿ, ಕೆಳಗೆ ಜಗ್ಗಬೇಡಿ. ಅರ್ಧ ನಿಮಿಷ ಸುಮ್ಮನೆ ನಿಂತಿತೇ? ಬಿಟ್ಟುಬಿಡಿ. ಬಿಡುಗಡೆಯೇ ಅದಕ್ಕೆ ಬಹುಮಾನ. ಮೊದಲ ಎರಡು ಮೂರು ದಿನ ಇಷ್ಟೇ ಕೆಲಸ. ಹಾಲ್ಟರ್ ಮನೆಯಲ್ಲೇ ಇರಲಿ.

ಹಾಲ್ಟರ್ ಹಾಕುವ ದಿನ ಮೂಗುಪಟ್ಟಿಯನ್ನು ಪೂರಾ ಹಿಗ್ಗಿಸಿಟ್ಟುಕೊಳ್ಳಿ. ನೀವು ಎಡಕ್ಕೆ ನಿಂತಿದ್ದರೆ ಬಲಗೈ ಕತ್ತಿನ ಮೇಲಿಂದ ಹಾದು ಕಿವಿಪಟ್ಟಿಯ ಒಂದು ತುದಿ ಹಿಡಿದಿರಲಿ. ಎಡಗೈ ಮೂಗುಪಟ್ಟಿಯನ್ನು ಬುಟ್ಟಿಯ ಬಾಯಿಯಂತೆ ತೆರೆದು, ಮೂತಿಯ ಕೆಳಗಿನಿಂದ ಮೇಲಕ್ಕೆ ತರಲಿ. ಮೂತಿಗೆ ಒತ್ತಿ ತೂರಿಸಬೇಡಿ. ಮೂತಿಯ ಮುಂದೆ ಹಿಡಿದು ಕಾಯಿರಿ, ಮರಿ ಉಸಿರು ಬಿಟ್ಟು ತಲೆ ಇಳಿಸುವಾಗ ತಾನಾಗಿ ಒಳಗೆ ಬರುತ್ತದೆ. ಕಿವಿಗಳನ್ನು ಮುದುಡದೆ ಪಟ್ಟಿಯನ್ನು ಹಿಂದೆ ತಂದು ಬಕಲ್ ಹಾಕಿ. ಮೊದಲ ಸಲ ಹಗ್ಗ ಬೇಡ, ಹತ್ತು ನಿಮಿಷ ಹುಲ್ಲು ತಿನ್ನಲಿ. ನೀವು ಅಲ್ಲೇ ಇರಿ. ಹಾಲ್ಟರ್ ಹಾಕಿದ ಮರಿಯನ್ನು ಬಯಲಿಗೆ ಬಿಟ್ಟು ಮನೆಗೆ ಹೋಗುವುದು ದೊಡ್ಡ ತಪ್ಪು. ಅಲ್ಪಾಕಾ ಹಿಂಗಾಲಿನಿಂದ ಕಿವಿ ಕೆರೆದುಕೊಳ್ಳುತ್ತದೆ, ಆಗ ಉಗುರು ಪಟ್ಟಿಗೆ ಸಿಕ್ಕಿಕೊಳ್ಳಬಹುದು. ಬೇಲಿಗೂ ಸಿಕ್ಕಿಕೊಳ್ಳುತ್ತದೆ. ಅಭ್ಯಾಸವಾಗಲಿ ಎಂದು ರಾತ್ರಿಯಿಡೀ ಬಿಡುವವರಿದ್ದಾರೆ. ಹಾಗೆ ಮಾಡಬಾರದು.

ಈಗ ನಿಮ್ಮ ಮುಖ್ಯ ತೊಂದರೆಗೆ ಬರೋಣ: ಎಳೆದರೆ ಕೂರುವುದು. ಇಲ್ಲಿನವರು ಇದಕ್ಕೆ ಕುಶ್ ಎನ್ನುತ್ತಾರೆ. ಒಂಟೆಯಂತೆ ಮೊದಲು ಮುಂಗಾಲು, ಆಮೇಲೆ ಹಿಂಗಾಲು ಮಡಚಿ ಕೂರುವುದು. ಒಂದೇ ಸಮನೆ ಎಳೆಯುತ್ತಿದ್ದರೆ ಯಾವ ಪ್ರಾಣಿಯಾದರೂ ಎದುರು ಜಗ್ಗುತ್ತದೆ, ಅದು ಮೈಯ ಸಹಜ ಗುಣ. ಜಗ್ಗಿದಷ್ಟೂ ಹಗ್ಗ ಬಿಗಿಯಾಗುತ್ತದೆ. ದಾರಿ ಕಾಣದೆ ಮರಿ ಕೂರುತ್ತದೆ. ಆಗ ನೀವು ಸೋತು ಹಗ್ಗ ಸಡಿಲ ಬಿಡುತ್ತೀರಿ. ಹೀಗೆ ನೀವೇ ಅದಕ್ಕೆ ಕೂರುವುದನ್ನು ಕಲಿಸಿದಂತಾಯಿತು: ಕೂತರೆ ಹಗ್ಗ ಸಡಿಲವಾಗುತ್ತದೆ ಎಂದು.

ಹಗ್ಗ ಸಡಿಲವಾಗುವ ಗಳಿಗೆಯನ್ನು ಬದಲಾಯಿಸಿದರೆ ಪಾಠವೂ ಬದಲಾಗುತ್ತದೆ. ಮರಿಯ ನೇರ ಮುಂದೆ ನಿಂತು ಎಳೆಯುವುದನ್ನು ಬಿಡಿ. ಅದರ ಭುಜದ ನೇರಕ್ಕೆ, ಒಂದು ಮೀಟರ್ ದೂರದಲ್ಲಿ, ಪಕ್ಕಕ್ಕೆ ಓರೆಯಾಗಿ ನಿಲ್ಲಿ. ಹಗ್ಗದ ಮೇಲೆ ಬೆರಳುಗಳನ್ನು ಒಂದೊಂದಾಗಿ ಮುಚ್ಚುತ್ತ ಬನ್ನಿ. ಹೂಮಾಲೆಯ ದಾರ ಹರಿಯದಷ್ಟೇ ಎಳೆತ. ಎರಡು ಮೂರು ಸೆಕೆಂಡ್ ಹಿಡಿದು ಸಡಿಲ ಬಿಡಿ, ಮತ್ತೆ ಹಿಡಿಯಿರಿ. ಕಣ್ಣು ಮರಿಯ ಮುಂಗಾಲಿನ ಮೇಲಿರಲಿ. ಪಕ್ಕದ ಎಳೆತಕ್ಕೆ ಅದರ ಭಾರ ಒಂದು ಕಾಲಿನಿಂದ ಇನ್ನೊಂದಕ್ಕೆ ಸರಿಯುತ್ತದೆ. ಪಾದ ಇನ್ನೂ ಎತ್ತಿರುವುದಿಲ್ಲ, ಭುಜ ಮಾತ್ರ ವಾಲುತ್ತದೆ. ಸಡಿಲ ಬಿಡಬೇಕಾದದ್ದು ಆ ಗಳಿಗೆಯಲ್ಲೇ. ಹೆಜ್ಜೆ ಇಡುವವರೆಗೂ ಕಾದರೆ ತಡವಾಯಿತು. ನಾಲ್ಕೈದು ಸಲ ಹೀಗಾದ ಮೇಲೆ ಒಂದು ಹೆಜ್ಜೆ ಬರುತ್ತದೆ, ಎರಡನೆಯ ದಿನ ಮೂರು ನಾಲ್ಕು ಹೆಜ್ಜೆ. ಬರಲಿಲ್ಲವೆಂದರೆ ಬಲ ಹೆಚ್ಚಿಸಬೇಡಿ, ಕೋನ ಬದಲಿಸಿ: ಎಡಕ್ಕೆ ಬಾರದ ಮರಿ ಬಲಕ್ಕೆ ಬರುತ್ತದೆ.

ಕೂತೇಬಿಟ್ಟರೆ? ಎಳೆದುಕೊಂಡು ಹೋಗಬೇಡಿ. ಹಗ್ಗ ಆಗಲೇ ಸಡಿಲವಾಗಿರಬೇಕು, ಅಂದರೆ ಅದು ಕೂರುವ ಮುಂಚೆಯೇ ನೀವು ಸಡಿಲ ಬಿಟ್ಟಿರಬೇಕು. ಆಗ ಕೂತದ್ದಕ್ಕೆ ಅದಕ್ಕೇನೂ ಲಾಭ ಸಿಗುವುದಿಲ್ಲ. ಉಸಿರಾಟ ಸರಿಯಾಗುವವರೆಗೆ ಸುಮ್ಮನಿರಿ. ಆಮೇಲೆ ಪಕ್ಕಕ್ಕೆ ಹೋಗಿ, ತಲೆ ನಿಮ್ಮ ಕಡೆ ತಿರುಗುವಷ್ಟು ಹಗುರ ಎಳೆತ ಕೊಡಿ. ಏಳದಿದ್ದರೆ ಇನ್ನೊಬ್ಬರು ಹಿಂದಿನಿಂದ ಎರಡು ಹೆಜ್ಜೆ ಹತ್ತಿರ ಬರಲಿ, ಅಥವಾ ಜೊತೆಯ ಮರಿಗಳನ್ನು ಸ್ವಲ್ಪ ಮುಂದಕ್ಕೆ ನಡೆಸಿ. ಮಿಕ್ಕವು ಹೊರಟರೆ ಹೆಚ್ಚಿನ ಮರಿಗಳು ಕೂತಿರುವುದಿಲ್ಲ. ಆಂಡೀಸ್ ಬೆಟ್ಟಗಳಲ್ಲಿ ಹೇರು ಹೊತ್ತ ಲಾಮಾಗಳ ಸಾಲು ನಡೆಯುವುದು ಇದೇ ಗುಣದ ಮೇಲೆ: ಒಂದೊಂದಕ್ಕೂ ಹಗ್ಗ ಹಿಡಿಯುವುದಿಲ್ಲ, ಮುಂದಾಳು ಲಾಮಾದ ಕೊರಳಲ್ಲಿ ಗಂಟೆ ಇರುತ್ತದೆ, ಮಿಕ್ಕವು ಅದರ ಹಿಂದೆ.

ದೊಡ್ಡಿಯಲ್ಲಿ ನಡೆದ ಮೇಲೆ ಬೇಲಿಯ ಪಕ್ಕದ ಕಿರಿದಾದ ಓಣಿ, ಆಮೇಲೆ ಬಯಲು. ದಿನಕ್ಕೆ ಹತ್ತು ಹದಿನೈದು ನಿಮಿಷ ಸಾಕು. ದಿನ ಬಿಟ್ಟು ದಿನ ಮಾಡಿದರೂ ನಡೆಯುತ್ತದೆ, ನಡುವೆ ಬಿಡುವು ಸಿಕ್ಕಿದ್ದಕ್ಕೆ ಕಲಿತದ್ದು ಮರೆಯುವ ಪ್ರಾಣಿಯಲ್ಲ ಇದು. ಎರಡು ಮೂರು ವಾರಗಳಲ್ಲಿ ಸಡಿಲ ಹಗ್ಗದಲ್ಲಿ ನಿಮ್ಮ ಜೊತೆ ನಡೆಯುವ ಮಟ್ಟಕ್ಕೆ ಹೆಚ್ಚಿನವು ಬರುತ್ತವೆ. ನಡೆಯುವಾಗ ತಿರುಗಿ ಅದರ ಮುಖ ನೋಡಬೇಡಿ, ದಿಟ್ಟಿಸಿ ನೋಡುವುದು ಅದನ್ನು ತಡೆದು ನಿಲ್ಲಿಸುತ್ತದೆ. ಬಿಸಿಲೇರುವ ಮುಂಚೆಯೇ ಮುಗಿಸಿ. ಇವುಗಳ ಮೈಯಿಂದ ಕಾವು ಹೊರಹೋಗುವುದು ಉಣ್ಣೆ ತೆಳುವಾಗಿರುವ ಹೊಟ್ಟೆಯಡಿ, ಕಂಕುಳು, ತೊಡೆಸಂದಿನಿಂದ. ಬಾಯಿ ತೆರೆದು ಏದುಸಿರು ಬಿಟ್ಟರೆ ನೆರಳಿಗೆ ತಂದು ನೀರು ಹಾಕಬೇಕಾದದ್ದೂ ಅಲ್ಲೇ. ಬೆನ್ನಿನ ಉಣ್ಣೆ ಒದ್ದೆ ಮಾಡಿದರೆ ಕಾವು ಒಳಗೇ ಉಳಿಯುತ್ತದೆ. ಉಣ್ಣೆ ಕತ್ತರಿಸುವ ವಾರದಲ್ಲಿ ಪಾಠ ಇಟ್ಟುಕೊಳ್ಳಬೇಡಿ. ಮಲಗಿಸಿ ಕಾಲು ಕಟ್ಟಿಸಿಕೊಂಡ ಮರಿಗೆ ಮನುಷ್ಯರ ಕೈ ಮತ್ತೆ ಹಿತವೆನಿಸಲು ಕೆಲವು ದಿನ ಬೇಕು.

ಕಪ್ಪು ಮರಿಯ ಬಗ್ಗೆ. ಅಲ್ಪಾಕಾಗಳು ಹೆಚ್ಚಾಗಿ ಉಗುಳುವುದು ತಮ್ಮತಮ್ಮೊಳಗೇ, ಮೇವಿನ ಜಗಳಕ್ಕೆ. ಮನುಷ್ಯರ ಮೇಲೆ ಉಗುಳಿದರೆ ಅದು ಹೆದರಿಕೆ. ಮುಂಚೆಯೇ ಸೂಚನೆ ಕೊಡುತ್ತದೆ: ಕಿವಿ ಹಿಂದಕ್ಕೆ ಒರಗುತ್ತದೆ, ಮೂತಿ ಮೇಲೇರುತ್ತದೆ. ಅದನ್ನು ನೋಡಿ ನಿಮ್ಮ ಕೈ ನಿಲ್ಲಬೇಕು. ಉಗುಳಿದ್ದಕ್ಕೆ ಹೊಡೆದರೆ ಹೆದರಿಕೆ ಇಮ್ಮಡಿಯಾಗುತ್ತದೆ. ಆದರೆ ಈ ಮರಿಯ ಬಗ್ಗೆ ನಮಗೆ ಇನ್ನೊಂದು ಶಂಕೆ ಇದೆ. ಮಾರ್ಚ್‌ನಲ್ಲಿ ಹುಟ್ಟಿ, ವಿಕ್ಟೋರಿಯಾದ ಚಳಿಗಾಲದ ಎಳೆಬಿಸಿಲಿನಲ್ಲಿ ಬೆಳೆದ, ದಟ್ಟ ಕಪ್ಪು ಉಣ್ಣೆಯ ಮರಿ ಎಂದರೆ ವಿಟಮಿನ್ ಡಿ ಕೊರತೆ ಇರಬಹುದು. ಬೆನ್ನು ಗೂನು ಮಾಡಿ ನಿಲ್ಲುವುದು, ಮಂಡಿಯ ಗಂಟು ಊದಿರುವುದು, ನಡೆಯಲು ಹಿಂಜರಿಯುವುದು, ತೂಕ ಏರದಿರುವುದು ಇದರ ಲಕ್ಷಣ. ಮೂಳೆ ನೋಯುವ ಮರಿ ಹಗ್ಗ ಎಳೆದರೆ ಕೂರುತ್ತದೆ, ಮುಟ್ಟಿದರೆ ಉಗುಳುತ್ತದೆ. ಚಳಿಗಾಲದಲ್ಲಿ ವಿಟಮಿನ್ ಡಿ ಚುಚ್ಚುಮದ್ದು ಹಾಕಿಸಿದ್ದರೇ ಎಂದು ಮಾರಿದವರನ್ನು ಕೇಳಿ. ಇಲ್ಲವೆಂದರೆ, ಅನುಮಾನವಿದ್ದರೂ, ಮೊದಲು ಪಶುವೈದ್ಯರಿಗೆ ತೋರಿಸಿ. ಪ್ರಮಾಣ ಹೆಚ್ಚಾದರೆ ಅದೂ ವಿಷ, ಆದ್ದರಿಂದ ನೀವೇ ಚುಚ್ಚಬೇಡಿ.

ಇದರ ಜೊತೆಗೇ ಒಂದು ಎಚ್ಚರಿಕೆ. ಫೆಬ್ರವರಿಯಿಂದ ಮೇ ತಿಂಗಳ ನಡುವೆ ನಿಮ್ಮ ಕಡೆಯ ರೈಗ್ರಾಸ್ ಹುಲ್ಲಿನೊಳಗಿನ ಶಿಲೀಂಧ್ರದಿಂದ ವಿಷವೇರುವುದುಂಟು. ಅಲ್ಪಾಕಾಗಳಿಗೆ ಅದು ಬೇಗ ತಗಲುತ್ತದೆ. ತಲೆ ಸಣ್ಣಗೆ ಅಲುಗುತ್ತದೆ, ನಡೆದರೆ ತೂರಾಡುತ್ತದೆ, ಓಡಿಸಿದರೆ ಬೀಳುತ್ತದೆ. ಚೆನ್ನಾಗಿ ನಡೆಯುತ್ತಿದ್ದ ಮರಿ ಆ ತಿಂಗಳುಗಳಲ್ಲಿ ಹಗ್ಗಕ್ಕೆ ತಲೆ ಕೊಡವತೊಡಗಿದರೆ ಪಾಠ ನಿಲ್ಲಿಸಿ, ಆ ಹುಲ್ಲಿನಿಂದ ಎಬ್ಬಿಸಿ, ಬೇರೆ ಒಣಹುಲ್ಲು ಹಾಕಿ, ವೈದ್ಯರನ್ನು ಕರೆಯಿರಿ. ಹೆದರಿಸಿದಷ್ಟೂ ನಡುಕ ಹೆಚ್ಚುತ್ತದೆ.

ಬಾಟಲಿ ಹಾಲಿನ ಗಂಡುಮರಿಯದ್ದು ಬೇರೆಯೇ ಕಥೆ, ಮೂರರಲ್ಲಿ ನಮಗೆ ಹೆಚ್ಚು ಚಿಂತೆ ಅದರದ್ದೇ. ಮೈಮೇಲೆ ಬರುವುದನ್ನು ನೀವು ಪ್ರೀತಿ ಎಂದುಕೊಂಡಿರಬಹುದು. ಮನುಷ್ಯರ ಕೈಯಲ್ಲಿ, ಹಿಂಡಿನಿಂದ ದೂರ ಬೆಳೆದ ಗಂಡುಮರಿ ಮನುಷ್ಯರನ್ನೂ ತನ್ನ ಜಾತಿಯೆಂದೇ ತಿಳಿಯುತ್ತದೆ. ಪ್ರಾಯಕ್ಕೆ ಬಂದಾಗ ಇನ್ನೊಂದು ಗಂಡಿನ ಮೇಲೆ ಬೀಳುವಂತೆಯೇ ನಿಮ್ಮ ಮೇಲೆ ಬೀಳುತ್ತದೆ: ಎದೆಯಿಂದ ಗುದ್ದುತ್ತದೆ, ಕತ್ತಿನಿಂದ ಅದುಮುತ್ತದೆ, ಮಂಡಿ ಕಚ್ಚುತ್ತದೆ. ದೊಡ್ಡದಾದ ಅಲ್ಪಾಕಾ 50ರಿಂದ 85 ಕಿಲೋ ತೂಗುತ್ತದೆ. ಲಾಮಾದಲ್ಲಿ ಇದೇ ಗುಣ ಬಂದರೆ ಪ್ರಾಣಾಪಾಯ. ಮನೆಯಲ್ಲಿ ಮಕ್ಕಳಿದ್ದರೆ ಇವತ್ತಿನಿಂದಲೇ ಮುದ್ದು ನಿಲ್ಲಬೇಕು. ಕತ್ತು ತಬ್ಬುವುದು, ಕೈಯಿಂದ ತಿನ್ನಿಸುವುದು, ಮೂತಿಗೆ ಮೂತಿ ತಾಗಿಸುವುದು ಯಾವುದೂ ಬೇಡ. ಕೆಲಸವಿದ್ದರೆ ಮುಟ್ಟಿ, ಮುಗಿದರೆ ಬಿಡಿ. ನಿಮ್ಮತ್ತ ನಡೆದು ಬಂದರೆ ನೀವು ಹಿಂದೆ ಸರಿಯಬೇಡಿ, ತೋಳು ಅಗಲಿಸಿ ಗಟ್ಟಿ ದನಿಯಲ್ಲಿ ಹಿಂದಕ್ಕೆ ಕಳಿಸಿ. ಎದುರಿಗೆ ಬಂದು ಬಾಲವನ್ನು ಬೆನ್ನ ಮೇಲೆ ಮಗುಚಿ, ಮಂಡಿ ತಗ್ಗಿಸಿ ನಿಂತರೆ ಅದೂ ಎಚ್ಚರಿಕೆಯ ಗುರುತೇ. ಮರಿಗಳು ಹಿಂಡಿನ ಹಿರಿಯರಿಗೆ ಹಾಗೆ ಶರಣು ಒಪ್ಪಿಸುತ್ತವೆ, ಮನುಷ್ಯರಿಗೆ ಒಪ್ಪಿಸಬಾರದು. ಸಾಧ್ಯವಾದರೆ ವಯಸ್ಸಾದ, ಸಾಧು ಸ್ವಭಾವದ ಒಂದು ಬೀಜ ಒಡೆಸಿದ ಗಂಡನ್ನು ಜೊತೆಗೆ ಬಿಡಿ. ಮರ್ಯಾದೆಯನ್ನು ಅದು ನಿಮಗಿಂತ ಚೆನ್ನಾಗಿ ಕಲಿಸುತ್ತದೆ. ಅಲ್ಪಾಕಾಗಳಿಗೆ ಬೀಜ ಒಡೆಸುವುದನ್ನು ಸಾಮಾನ್ಯವಾಗಿ 12ರಿಂದ 18 ತಿಂಗಳಿಗೆ ಇಟ್ಟುಕೊಳ್ಳುತ್ತಾರೆ, ಮೂಳೆ ಬೆಳೆಯಲಿ ಎಂದು. ಇದರ ವಿಷಯದಲ್ಲಿ ಮುಂಚೆಯೇ ಮಾಡಿಸಬೇಕೇ ಎಂದು ವೈದ್ಯರನ್ನು ಈಗಲೇ ಕೇಳಿ.

ಸಡಿಲ ಹಗ್ಗದಲ್ಲಿ ನಡೆಯಲು ಬಂದ ಮೇಲೆ ಮಾತ್ರ ಕಟ್ಟುವುದನ್ನು ಕಲಿಸಬಹುದು. ಮರಿಯ ಭುಜದ ಎತ್ತರಕ್ಕೆ, ಕಾಲು ದಾಟಲಾಗದಂತೆ 50 ಸೆಂಟಿಮೀಟರಿನಷ್ಟು ಹಗ್ಗ ಬಿಟ್ಟು, ಒಂದೇ ಎಳೆತಕ್ಕೆ ಬಿಚ್ಚುವ ಗಂಟು ಹಾಕಿ. ಎರಡು ನಿಮಿಷದಿಂದ ಶುರುಮಾಡಿ, ಪಕ್ಕದಿಂದ ಕದಲಬೇಡಿ. ವಾಹನ ಹತ್ತಿಸುವುದಕ್ಕೂ ಇದೇ ಎಳೆತ-ಸಡಿಲದ ಕ್ರಮ. ಮೊದಲು ನೆಲದ ಮೇಲೊಂದು ಹಲಗೆ ಹಾಕಿ ದಾಟಿಸಿ, ಆಮೇಲೆ ವಾಹನದ ಹತ್ತಿರ ಬನ್ನಿ. ಒಳಗೆ ಹೋದ ಮೇಲೆ ಕಟ್ಟುವುದು ಬೇಡ. ಹೊರಟ ಸ್ವಲ್ಪ ಹೊತ್ತಿಗೆ ತಾವಾಗಿ ಕೂರುತ್ತವೆ, ಕೂತೇ ಪ್ರಯಾಣ ಮಾಡುತ್ತವೆ.

ಲಾಮಾ ತರುವುದಾದರೆ ಕಲಿಸುವ ಕ್ರಮ ಇದೇ, ಬದಲಾಗುವುದು ಹಾಲ್ಟರಿನ ಅಳತೆ ಮತ್ತು ನಿಮ್ಮ ತಾಳ್ಮೆಯ ಗಡುವು. 110 ಕಿಲೋ ದಾಟಿದ ಮೇಲೆ ಕೈಬಲದಿಂದ ಏನೂ ನಡೆಯದು, ಆದ್ದರಿಂದ ಹಾಲು ಬಿಟ್ಟ ಆರು ತಿಂಗಳ ಮರಿಯಿದ್ದಾಗಲೇ ಕಲಿಸಿ. ಹೇರು ಹೊರಿಸುವ ಮಾತನ್ನು ಮಾತ್ರ ಮೂರು ವರ್ಷ ದಾಟುವವರೆಗೆ ಎತ್ತಬೇಡಿ.

ಹಾಲ್ಟರ್ ಕಳಚುವುದರ ಬಗ್ಗೆ ಬಹಳ ಜನ ಯೋಚಿಸುವುದೇ ಇಲ್ಲ. ಬಕಲ್ ಬಿಚ್ಚುತ್ತಲೇ ಮರಿ ತಲೆ ಕಿತ್ತುಕೊಂಡು ಓಡುತ್ತದೆ, ನಾಳೆ ಬಕಲ್ ಮುಟ್ಟಿದರೆ ಸಾಕು, ಓಡಲು ಸಜ್ಜಾಗುತ್ತದೆ. ಅದಕ್ಕೇ ಬಿಚ್ಚುವ ಮುಂಚೆ ಒಂದು ಕೈ ಕತ್ತಿನ ತುದಿಗೆ ಹೋಗಲಿ. ಪಟ್ಟಿಯನ್ನು ಕಿವಿಯ ಹಿಂದಿನಿಂದ ಸಡಿಲಿಸಿ, ಮೂತಿಯಿಂದ ಕೆಳಕ್ಕೆ ಜಾರಿಸಿ. ಹಾಲ್ಟರ್ ಕೈಗೆ ಬಂದ ಮೇಲೂ ಮರಿ ನಾಲ್ಕು ಕಾಲಿನ ಮೇಲೆ ನೆಟ್ಟಗೆ ನಿಂತು ಒಂದೆರಡು ಉಸಿರು ಬಿಡುವವರೆಗೆ ಕೈ ಅಲ್ಲೇ ಇರಲಿ. ಆಮೇಲೆ ಮೊದಲು ನೀವು ಒಂದು ಹೆಜ್ಜೆ ಹಿಂದೆ ಸರಿಯಿರಿ, ಮರಿ ಆಮೇಲೆ ಹೋಗಲಿ.